ಎದೆಗೊಂದು ಲೋಡ್ ಶೆಡ್ಡಿಂಗ್

ಪ್ಲೇಸ್‌ಮೆಂಟ್ ಸೀಸನ್ ಶುರುವಾದರೆ ನಮ್ಮ ಹಾಸ್ಟೆಲಲ್ಲಿ ಮೂರು ವಸ್ತುಗಳು ರೂಮಿಂದ ರೂಮಿಗೆ ಓಡಾಡುತ್ತವೆ. ಒಂದು ಇಸ್ತ್ರಿ ಪೆಟ್ಟಿಗೆ, ಇನ್ನೊಂದು ಯಾರದ್ದೋ ಅಣ್ಣನ ನೀಲಿ ಟೈ, ಮೂರನೆಯದು ಒಂದು ಮಾತ್ರೆ ಸ್ಟ್ರಿಪ್. ಮೊದಲೆರಡರ ಮಾಲೀಕರು ಯಾರು ಅಂತ ಎಲ್ಲರಿಗೂ ಗೊತ್ತು. ಸ್ಟ್ರಿಪ್ ಯಾರದ್ದು, ಎಲ್ಲಿಂದ ಬಂತು ಅಂತ ಕೇಳಿದರೆ ಎಲ್ಲರೂ ಪಕ್ಕದ ರೂಮಿನ ಕಡೆ ಕೈ ತೋರಿಸ್ತಾರೆ. ಸೀನಿಯರ್‌ಗಳು ಅದಕ್ಕೆ ಇಟ್ಟಿರೋ ಹೆಸರು ‘ಇಂಟರ್ವ್ಯೂ ಗುಳಿಗೆ’. ಒಳಗೆ ಕರೆಯೋಕೆ ಒಂದು ಗಂಟೆ ಮುಂಚೆ ಅರ್ಧ ಮುರಿದು ನುಂಗಿದರೆ ಕೈ ನಡುಗಲ್ಲ, ಎದೆ ಹೊಡ್ಕೊಳ್ಳಲ್ಲ, ಧ್ವನಿ ಒಡೆಯಲ್ಲ ಅಂತ ಖ್ಯಾತಿ. ಈಗೀಗ ಅದು ಲ್ಯಾಬ್ ವೈವಾದವರೆಗೂ ಇಳಿದಿದೆ. ಅಂದ್ರೆ ಸೆಕೆಂಡ್ ಇಯರ್‌ನ ನಮ್ಮವರೆಗೂ.

ಸ್ಟ್ರಿಪ್ ಮೇಲೆ ಅಚ್ಚಾಗಿರೋ ಹೆಸರು ಪ್ರೊಪ್ರಾನೊಲಾಲ್. ಬೀಟಾ ಬ್ಲಾಕರ್ ಅನ್ನೋ ಔಷಧಿ ಕುಟುಂಬದ ಹಿರಿಯ. ಈ ಕುಟುಂಬದಲ್ಲಿ ಬಹುತೇಕ ಎಲ್ಲರ ಹೆಸರೂ ‘ಲಾಲ್’ ಅಂತಲೇ ಮುಗಿಯುತ್ತೆ: ಅಟೆನೊಲಾಲ್, ಮೆಟೊಪ್ರೊಲಾಲ್, ಬಿಸೊಪ್ರೊಲಾಲ್, ಟಿಮೊಲಾಲ್. ಇಂಗ್ಲಿಷಲ್ಲಿ ಬರೆದರೆ ಕೊನೆಗೆ ನಾವು ಚಾಟಲ್ಲಿ ನಗೋಕೆ ಹಾಕ್ತೀವಲ್ಲ, ಅದೇ ಮೂರು ಅಕ್ಷರ. ಹಾಗಾಗಿ ನಮ್ಮ ವಿಂಗಲ್ಲಿ ಇದನ್ನ ಯಾರೂ ಸೀರಿಯಸ್ಸಾಗಿ ತಗೊಂಡಿರಲಿಲ್ಲ ಅನ್ಸುತ್ತೆ.

ನನಗೆ ಈ ‘ಲಾಲ್’ ಪರಿಚಯ ಆಗಿದ್ದು ಮಾತ್ರ ಹಾಸ್ಟೆಲಲ್ಲಲ್ಲ. ಅರಸೀಕೆರೆಯ ಅಜ್ಜಿ ಮನೇಲಿ, ಫ್ರಿಡ್ಜ್ ಮೇಲಿನ ಪ್ಲಾಸ್ಟಿಕ್ ಡಬ್ಬಿಯಲ್ಲಿ. ಮೂರು ವರ್ಷದ ಹಿಂದೆ ಅಜ್ಜಿಗೆ ಹಾರ್ಟ್ ಅಟ್ಯಾಕ್ ಆಯ್ತು. ಅವತ್ತಿಂದ ದಿನಾ ಮೆಟೊಪ್ರೊಲಾಲ್. ಅಜ್ಜಿ ಅದನ್ನ ‘ಎದೆ ಮಾತ್ರೆ’ ಅಂತಾರೆ, ಉಳಿದ ನಾಲ್ಕಕ್ಕೂ ಬೇರೆ ಬೇರೆ ಹೆಸರಿದೆ. ಸಾಯದೇ ಇರಲಿ ಅಂತ ಅಜ್ಜಿ ನುಂಗೋ ಮಾತ್ರೆಯ ಅಣ್ಣನನ್ನೇ ನಮ್ಮ ಹುಡುಗರು ಮೈಕ್ರೋಕಂಟ್ರೋಲರ್ ವೈವಾಗೆ ನುಂಗ್ತಾರೆ ಅಂತ ಗೊತ್ತಾದ ದಿನ ನಾನು ಕೂತು ಓದೋಕೆ ಶುರು ಮಾಡಿದೆ. ಓದಿದ್ದೆಲ್ಲ ಇಂಗ್ಲಿಷಲ್ಲಿ. ಅದನ್ನ ಕನ್ನಡದಲ್ಲಿ ಹೇಳೋಕೆ ಹೊರಟಾಗ ಮೊದಲ ಪದಕ್ಕೇ ಸಿಕ್ಕಿಹಾಕಿಕೊಂಡೆ: ರಿಸೆಪ್ಟರ್. ಕನ್ನಡದಲ್ಲಿ ಅದಕ್ಕೆ ‘ಗ್ರಾಹಕ’ ಅಂತಾರೆ. ನನಗೆ ಗೊತ್ತಿದ್ದ ಗ್ರಾಹಕ ಒಂದೇ, ಕರೆಂಟ್ ಬಿಲ್ ಮೇಲಿರೋನು. ಆಮೇಲೆ ಯೋಚಿಸಿದರೆ ಆ ಪದ ಅಷ್ಟೇನೂ ತಪ್ಪಲ್ಲ. ಈ ಕತೆಯಲ್ಲಿ ಕರೆಂಟೂ ಇದೆ, ಬೇಡಿಕೆಯೂ ಇದೆ, ಕಟ್ ಮಾಡೋದೂ ಇದೆ.

ಹೆದರಿಕೆ ಆದಾಗ, ಓಡಿದಾಗ, ಸಿಟ್ಟು ಬಂದಾಗ ಕಿಡ್ನಿಗಳ ನೆತ್ತಿ ಮೇಲೆ ಕೂತಿರೋ ಗ್ರಂಥಿಗಳು ಅಡ್ರಿನಲಿನ್ ಬಿಡುತ್ತವೆ. ಅದರ ತಮ್ಮ ನಾರಡ್ರಿನಲಿನ್ ನರಗಳ ತುದಿಯಿಂದ ಬರುತ್ತೆ. ಇವು ಜೀವಕೋಶದ ಮೇಲಿನ ಗ್ರಾಹಕಕ್ಕೆ ಹೋಗಿ ಕೂತರೆ ಮಾತ್ರ ಕೆಲಸ ಆಗೋದು. ಒಂದೇ ಅಡ್ರಿನಲಿನ್ ಒಂದು ಕಡೆ ರಕ್ತನಾಳ ಬಿಗಿಯುತ್ತೆ, ಇನ್ನೊಂದು ಕಡೆ ಸಡಿಲಿಸುತ್ತೆ. ಇದು ಹೇಗೆ ಅನ್ನೋದು ಬಹಳ ದಿನದ ಒಗಟಾಗಿತ್ತು. 1948ರಲ್ಲಿ ಅಮೆರಿಕದ ರೇಮಂಡ್ ಆಲ್ಕ್ವಿಸ್ಟ್ ಅನ್ನೋರು, ಗ್ರಾಹಕಗಳೇ ಎರಡು ಥರ ಇವೆ, ಒಂದಕ್ಕೆ ಆಲ್ಫಾ ಅನ್ನೋಣ, ಇನ್ನೊಂದಕ್ಕೆ ಬೀಟಾ ಅನ್ನೋಣ ಅಂದರು. ಅವರ ಪೇಪರನ್ನ ಮೊದಲು ಒಂದು ಜರ್ನಲ್ ತಿರಸ್ಕರಿಸಿತು. ಇನ್ನೊಂದು ಜರ್ನಲಲ್ಲಿ ಅಚ್ಚಾದ ಮೇಲೂ ಸುಮಾರು ಹತ್ತು ವರ್ಷ ಹೆಚ್ಚಿನವರು ಅದರ ಕಡೆ ತಿರುಗಿ ನೋಡಲಿಲ್ಲ.

ಬೀಟಾದಲ್ಲೂ ಒಳಜಾತಿಗಳಿವೆ. ಬೀಟಾ ಒಂದು ಮುಖ್ಯವಾಗಿ ಹೃದಯದಲ್ಲಿ. ಬೀಟಾ ಎರಡು ಶ್ವಾಸನಾಳದಲ್ಲಿ, ಮಾಂಸಖಂಡದಲ್ಲಿ, ಇನ್ನೂ ಹಲವು ಕಡೆ. ಈ ಎರಡರ ವ್ಯತ್ಯಾಸ ನೆನಪಲ್ಲಿಟ್ಕೊಳ್ಳಿ, ಮುಂದೆ ಒಬ್ಬನ ಉಸಿರು ಇದರ ಮೇಲೆ ನಿಲ್ಲುತ್ತೆ.

ಬೀಟಾ ಬ್ಲಾಕರ್ ಮಾಡೋ ಕೆಲಸ ನಮ್ಮ ಕಾಲೇಜಿನ ಟೂ ವ್ಹೀಲರ್ ಪಾರ್ಕಿಂಗಲ್ಲಿ ದಿನಾ ಕಾಣುತ್ತೆ. ಕೆಟ್ಟು ನಿಂತ ಗಾಡಿಯೊಂದನ್ನ ಯಾರೋ ತಂದು ಜಾಗದಲ್ಲಿ ಇಟ್ಟುಬಿಟ್ಟಿರ್ತಾರೆ. ಅದು ಓಡಲ್ಲ, ಆದರೆ ಓಡೋ ಗಾಡಿಗೆ ಜಾಗ ಇಲ್ಲ. ಹಾಗೇ ಈ ಔಷಧಿ ಗ್ರಾಹಕದಲ್ಲಿ ಸುಮ್ಮನೆ ಕೂರುತ್ತೆ. ಅಡ್ರಿನಲಿನ್ ಬಂದು ಸುತ್ತು ಹಾಕಿ ವಾಪಸ್ ಹೋಗುತ್ತೆ. ಅಡ್ರಿನಲಿನ್ ಕಡಿಮೆ ಆಗಿರಲ್ಲ, ಹೆದರಿಕೆಯೂ ಕಡಿಮೆ ಆಗಿರಲ್ಲ. ಸುದ್ದಿ ತಲುಪಿರಲ್ಲ ಅಷ್ಟೆ.

ಇಂಥ ಒಂದು ಔಷಧಿ ಬೇಕು ಅಂತ ಹೊಳೆದಿದ್ದು ಜೇಮ್ಸ್ ಬ್ಲ್ಯಾಕ್ ಅನ್ನೋ ಸ್ಕಾಟ್ಲೆಂಡಿನವರಿಗೆ. ಹುಟ್ಟಿದ್ದು 1924ರಲ್ಲಿ, ಅಪ್ಪ ಗಣಿ ಎಂಜಿನಿಯರ್. ಆ ಅಪ್ಪ ಒಂದು ಕಾರ್ ಅಪಘಾತ ಆದಮೇಲೆ ಹಾರ್ಟ್ ಅಟ್ಯಾಕಿನಿಂದ ತೀರಿಕೊಂಡರು. ಮಗ ಡಾಕ್ಟರ್ ಓದಿದ್ದರೂ ರೋಗಿಗಳನ್ನ ನೋಡೋ ಬದಲು ಗ್ಲಾಸ್ಗೋದ ಪಶುವೈದ್ಯ ಕಾಲೇಜಲ್ಲಿ ಲ್ಯಾಬ್ ಕಟ್ಟಿಕೊಂಡು ಕೂತರು. ಆಗ ಆಂಜೈನಾಗೆ, ಅಂದ್ರೆ ಹೃದಯಕ್ಕೆ ಆಕ್ಸಿಜನ್ ಸಾಲದೆ ಬರೋ ಎದೆನೋವಿಗೆ, ಎಲ್ಲರೂ ಹುಡುಕ್ತಾ ಇದ್ದಿದ್ದು ಒಂದೇ ದಾರಿ: ಹೃದಯಕ್ಕೆ ಹೆಚ್ಚು ರಕ್ತ ಕಳಿಸೋದು ಹೇಗೆ, ನಾಳ ಹಿಗ್ಗಿಸೋದು ಹೇಗೆ. ಬ್ಲ್ಯಾಕ್ ಪ್ರಶ್ನೆಯನ್ನೇ ತಿರುಗಿಸಿದರು. ಸಪ್ಲೈ ಹೆಚ್ಚಿಸೋಕೆ ಆಗದಿದ್ದರೆ ಡಿಮ್ಯಾಂಡ್ ಯಾಕೆ ಇಳಿಸಬಾರದು? ಹೃದಯ ಕೇಳೋದನ್ನೇ ಕಡಿಮೆ ಮಾಡಿದರೆ?

ಇದನ್ನ ಓದಿದಾಗ ನನಗೆ ನಗು ಬಂತು. ಬೇಸಿಗೆಯಲ್ಲಿ ಅರಸೀಕೆರೆಯಲ್ಲಿ ಎರಡು ಗಂಟೆ ಕರೆಂಟ್ ತೆಗೀತಾರಲ್ಲ, ಅದೇ ತರ್ಕ. ನಾವು ಬೈಕೊಳ್ಳೋ ಲೋಡ್ ಶೆಡ್ಡಿಂಗಿಗೆ ಈ ಮನುಷ್ಯ ನೊಬೆಲ್ ತಗೊಂಡರು, 1988ರಲ್ಲಿ, ಗರ್ಟ್ರೂಡ್ ಎಲಿಯನ್ ಮತ್ತು ಜಾರ್ಜ್ ಹಿಚಿಂಗ್ಸ್ ಜೊತೆ. ನಡುವಿನ ದಾರಿ ಸಲೀಸಾಗಿರಲಿಲ್ಲ. 1958ರಲ್ಲಿ ಐಸಿಐ ಕಂಪನಿ ಸೇರಿ ಮೊದಲು ತಯಾರಿಸಿದ ಪ್ರೊನೆಥಲಾಲ್ ಕೆಲಸ ಮಾಡಿತು, ಆದರೆ ಇಲಿಗಳಲ್ಲಿ ಗೆಡ್ಡೆ ಬಂತು. ಅದನ್ನ ಬದಿಗಿಟ್ಟು ಬಂದಿದ್ದೇ ಪ್ರೊಪ್ರಾನೊಲಾಲ್. 1964ರಲ್ಲಿ ಅದರ ವರದಿ ಲ್ಯಾನ್ಸೆಟ್ ಪತ್ರಿಕೆಯಲ್ಲಿ ಬಂತು.

ಕಳೆದ ರಜೆಯಲ್ಲಿ ನನ್ನ ವಾಚ್ ಅಜ್ಜಿ ಕೈಗೆ ಕಟ್ಟಿ ನೋಡಿದೆ. ನಿಮಿಷಕ್ಕೆ 60. ಮಾತ್ರೆ ಶುರುವಾಗೋ ಮೊದಲು 90ರ ಹತ್ತಿರ ಇತ್ತಂತೆ, ಹಳೇ ಫೈಲಲ್ಲಿದೆ. ಲೆಕ್ಕ ಹಾಕಿ: 90ರ ಹಾಗೆ ದಿನಕ್ಕೆ 1,29,600 ಬಡಿತ. 60ರ ಹಾಗೆ 86,400. ದಿನಕ್ಕೆ 43,200 ಬಡಿತ ಉಳಿತಾಯ. ಅಷ್ಟೇ ಅಲ್ಲ, ನನಗೆ ತುಂಬಾ ಇಷ್ಟವಾದ ಸಂಗತಿ ಇನ್ನೊಂದಿದೆ. ಹೃದಯ ಊರಿಗೆಲ್ಲ ರಕ್ತ ಹಂಚುತ್ತೆ, ಆದರೆ ಅದರ ಎಡಭಾಗದ ಸ್ನಾಯುವಿಗೆ ಬೇಕಾದ ರಕ್ತದ ಹೆಚ್ಚಿನ ಪಾಲು ಸಿಗೋದು ಎರಡು ಬಡಿತದ ನಡುವೆ, ಅದು ಸಡಿಲವಾದಾಗ. ಮದುವೆಮನೇಲಿ ಬಡಿಸೋರಿಗೆ ಪಂಕ್ತಿ ಎದ್ದಮೇಲೇ ಊಟ ಅನ್ನೋ ಹಾಗೆ. ಪಂಕ್ತಿ ಮೇಲೆ ಪಂಕ್ತಿ ಕೂರಿಸ್ತಾ ಹೋದರೆ ಬಡಿಸೋರು ಹಸಿದೇ ಇರ್ತಾರೆ. ಬಡಿತ ನಿಧಾನವಾದರೆ ಆ ಬಿಡುವು ಉದ್ದವಾಗುತ್ತೆ. ಡಿಮ್ಯಾಂಡ್ ಇಳಿಸೋಕೆ ಹೋದ ಬ್ಲ್ಯಾಕ್‌ಗೆ ಸಪ್ಲೈಯೂ ಸ್ವಲ್ಪ ಜಾಸ್ತಿ ಸಿಕ್ಕಿತು.

ಇದು ಬರೀ ತರ್ಕ ಅಲ್ಲ ಅಂತ ತೋರಿಸಿದ್ದು ದೊಡ್ಡ ಟ್ರಯಲ್‌ಗಳು. ಅಮೆರಿಕದಲ್ಲಿ ಹಾರ್ಟ್ ಅಟ್ಯಾಕಿನಿಂದ ಬದುಕಿ ಬಂದ 3837 ಜನರಲ್ಲಿ ಅರ್ಧದಷ್ಟು ಜನಕ್ಕೆ ಪ್ರೊಪ್ರಾನೊಲಾಲ್, ಉಳಿದವರಿಗೆ ಏನೂ ಇಲ್ಲದ ಡಮ್ಮಿ ಮಾತ್ರೆ ಕೊಟ್ಟರು. ಡಮ್ಮಿ ಗುಂಪಲ್ಲಿ 9.8 ಶೇಕಡ ಜನ ತೀರಿಕೊಂಡರು, ಔಷಧಿ ಗುಂಪಲ್ಲಿ 7.2. ಇನ್ನೂ ಕಾಯೋದು ನ್ಯಾಯವಲ್ಲ ಅಂತ 1981ರಲ್ಲಿ ಒಂಬತ್ತು ತಿಂಗಳು ಮುಂಚೆಯೇ ಟ್ರಯಲ್ ನಿಲ್ಲಿಸಿದರು.

ಇದಕ್ಕಿಂತ ವಿಚಿತ್ರ ಹಾರ್ಟ್ ಫೇಲ್ಯೂರ್ ಕತೆ. ಸೋತ ಹೃದಯಕ್ಕೆ ಬೀಟಾ ಬ್ಲಾಕರ್ ಕೊಟ್ಟರೆ ಇನ್ನೂ ಸೋಲುತ್ತೆ, ಕೊಡಲೇಬಾರದು ಅಂತ ಪಾಠದಲ್ಲೇ ಇತ್ತು. 1975ರಲ್ಲಿ ಸ್ವೀಡನ್ನಿನ ಗೋಥೆನ್‌ಬರ್ಗಿನಲ್ಲಿ ಫಿನ್ ವಾಗ್‌ಸ್ಟೈನ್ ಮತ್ತು ಜೊತೆಗಾರರು ಏಳೇ ಏಳು ರೋಗಿಗಳಿಗೆ ಕೊಟ್ಟು ನೋಡಿ, ಸುಧಾರಿಸಿದರು ಅಂತ ಬರೆದರು. ಏಳು ಜನರನ್ನ ನಂಬೋರು ಯಾರು? 1999ರ ಹೊತ್ತಿಗೆ ಸಾವಿರಾರು ಜನರ ಮೇಲೆ ನಡೆದ ಎರಡು ಟ್ರಯಲ್‌ಗಳಲ್ಲಿ, ಒಂದು ಬಿಸೊಪ್ರೊಲಾಲ್ ಇನ್ನೊಂದು ಮೆಟೊಪ್ರೊಲಾಲ್, ಸಾವು ಮೂರನೇ ಒಂದು ಭಾಗದಷ್ಟು ಇಳಿಯಿತು. ಬಳಲಿದ ಎತ್ತಿಗೆ ಅಡ್ರಿನಲಿನ್ ಚಾಟಿ ಬೀಸ್ತಾನೇ ಇತ್ತು, ಎತ್ತು ಎದ್ದಿದ್ದು ಚಾಟಿ ಕಿತ್ತುಕೊಂಡಾಗ. ಆದರೆ ಇಲ್ಲೂ ಒಂದು ಷರತ್ತಿದೆ: ಬಹಳ ಸಣ್ಣ ಡೋಸಿಂದ ಶುರುಮಾಡಿ ವಾರಗಟ್ಟಲೆ ನಿಧಾನಕ್ಕೆ ಏರಿಸಬೇಕು. ವಿಜ್ಞಾನ ಇನ್ನೂ ಮಗ್ಗುಲು ಬದಲಿಸ್ತಾನೇ ಇದೆ. 2024ರಲ್ಲಿ ಬಂದ ಇನ್ನೊಂದು ಟ್ರಯಲ್, ಅಟ್ಯಾಕ್ ಆದಮೇಲೂ ಪಂಪಿಂಗ್ ಚೆನ್ನಾಗೇ ಉಳಿದವರಿಗೆ ಈ ಮಾತ್ರೆಯಿಂದ ಅಂಥ ಲಾಭ ಕಾಣಲಿಲ್ಲ ಅಂತು. ನಮ್ಮ ಅಜ್ಜಿ ಪಂಪಿಂಗ್ ಚೆನ್ನಾಗಿಲ್ಲ, ಅವರಿಗೆ ಬೇಕು.

ಮೈಗ್ರೇನ್ ಬರದ ಹಾಗೆ ತಡೆಯೋಕೆ, ಥೈರಾಯ್ಡ್ ಜಾಸ್ತಿಯಾಗಿ ಎದೆ ಹಾರಿದಾಗ, ಗ್ಲಾಕೋಮಾಗೆ ಕಣ್ಣಿನ ಹನಿಯಾಗಿ, ಹೀಗೆ ಇದರ ಉಪಯೋಗದ ಪಟ್ಟಿ ಉದ್ದ ಇದೆ. ಒಂದನ್ನ ಮಾತ್ರ ಬಿಡೋಕೆ ಮನಸ್ಸಿಲ್ಲ. ಫ್ರಾನ್ಸಿನ ಬೋರ್ಡೋದಲ್ಲಿ ಹೃದಯದ ತೊಂದರೆಗೆ ಅಂತ ಒಂದು ಮಗುವಿಗೆ ಪ್ರೊಪ್ರಾನೊಲಾಲ್ ಕೊಟ್ಟರೆ, ಅದರ ಮುಖದ ಮೇಲೆ ಬೆಳೀತಾ ಇದ್ದ ಕೆಂಪು ರಕ್ತನಾಳದ ಗಡ್ಡೆ ಮಾರನೇ ದಿನದಿಂದಲೇ ಮೆತ್ತಗಾಗತೊಡಗಿತು. 2008ರಲ್ಲಿ ಅದು ಪ್ರಕಟವಾದಮೇಲೆ ಆ ಕಾಯಿಲೆಯ ಚಿಕಿತ್ಸೆಯೇ ಬದಲಾಯ್ತು.

ಇನ್ನು ನಮ್ಮ ಇಂಟರ್ವ್ಯೂ ಗುಳಿಗೆ. ನ್ಯಾಯವಾಗಿ ಹೇಳಬೇಕು ಅಂದ್ರೆ ಅದು ಸುಳ್ಳಲ್ಲ. 1977ರಲ್ಲೇ ಬ್ರಿಟನ್ನಿನಲ್ಲಿ ಪಿಟೀಲಿನಂಥ ತಂತಿವಾದ್ಯ ನುಡಿಸೋರಿಗೆ ಆಕ್ಸ್‌ಪ್ರೆನೊಲಾಲ್ ಕೊಟ್ಟು ನೋಡಿದ್ದರು. ನಡುಕ ಕಡಿಮೆಯಾಯ್ತು, ಕಚೇರಿ ಸುಧಾರಿಸಿತು. ಬಿಲ್ಲು ಹಿಡಿದ ಕೈ ನಡುಗಿದರೆ ಸ್ವರ ನಡುಗುತ್ತೆ ತಾನೆ. 2008ರ ಬೀಜಿಂಗ್ ಒಲಿಂಪಿಕ್ಸಲ್ಲಿ ಉತ್ತರ ಕೊರಿಯಾದ ಶೂಟರ್ ಕಿಮ್ ಜೊಂಗ್ ಸು ಒಂದು ಬೆಳ್ಳಿ, ಒಂದು ಕಂಚು ಗೆದ್ದು ಎರಡನ್ನೂ ವಾಪಸ್ ಕೊಡಬೇಕಾಯ್ತು. ಸಿಕ್ಕಿದ್ದು ಇದೇ ಪ್ರೊಪ್ರಾನೊಲಾಲ್. ವೇದಿಕೆ ಭಯಕ್ಕೆ ಡಾಕ್ಟರುಗಳೂ ಇದನ್ನ ಪರೀಕ್ಷೆ ಮಾಡಿ ಬರೆದುಕೊಡ್ತಾರೆ.

ಫೋರ್ತ್ ಸೆಮ್ಮಲ್ಲಿ ಕಂಟ್ರೋಲ್ ಸಿಸ್ಟಮ್ಸ್ ಓದೋರಿಗೆ ಇದು ಬೇಗ ಅರ್ಥ ಆಗುತ್ತೆ. ಹೆದರಿಕೆಗೆ ಎದೆ ಹೊಡ್ಕೊಳ್ಳುತ್ತೆ, ಎದೆ ಹೊಡ್ಕೊಳ್ಳೋದು ಕೇಳಿಸಿ ಹೆದರಿಕೆ ಜಾಸ್ತಿ ಆಗುತ್ತೆ. ಪಾಸಿಟಿವ್ ಫೀಡ್‌ಬ್ಯಾಕ್. ಮಾತ್ರೆ ಆ ಲೂಪನ್ನ ಒಂದು ಕಡೆ ಕತ್ತರಿಸುತ್ತೆ. ಇನ್‌ಪುಟ್ ಮಾತ್ರ ಹಾಗೇ ಇರುತ್ತೆ.

ನನ್ನ ರೂಮ್‌ಮೇಟಿನ ಇನ್‌ಪುಟ್ ಏನು ಅಂತ ನನಗೆ ಗೊತ್ತು. ಹಾವೇರಿ ಕಡೆಯವನು, ಹತ್ತನೇ ಕ್ಲಾಸಿನವರೆಗೆ ಕನ್ನಡ ಮೀಡಿಯಂ. ಸರ್ಕ್ಯೂಟ್ ವಿಷಯದಲ್ಲಿ ನಮ್ಮ ಬ್ಯಾಚಲ್ಲಿ ಅವನಿಗಿಂತ ಚೆನ್ನಾಗಿ ತಿಳಿದವರು ಕಡಿಮೆ. ನನಗೆ ಇಂಟರಪ್ಟ್ ಅಂದ್ರೇನು ಅಂತ ತಲೆಗೆ ಹೋಗಿದ್ದು ಅವನು ‘ಅಡುಗೆ ಮಾಡ್ತಿರಬೇಕಾದ್ರೆ ಬಾಗಿಲು ಬಡಿದ ಹಂಗಲೇ’ ಅಂತ ಹೇಳಿಕೊಟ್ಟಾಗ. ಎಕ್ಸ್‌ಟರ್ನಲ್ ಮುಂದೆ ಅದನ್ನೇ ಇಂಗ್ಲಿಷಲ್ಲಿ ಹೇಳಬೇಕು ಅಂದ್ರೆ ಅವನ ಬೆರಳು ನಡುಗೋಕೆ ಶುರು. ಜೊತೆಗೆ ಅವನಿಗೆ ಚಿಕ್ಕಂದಿನಿಂದ ಆಸ್ತಮಾ. ಜೇಬಲ್ಲಿ ಸಾಲ್ಬುಟಮಾಲ್ ಇನ್ಹೇಲರ್ ಇರುತ್ತೆ.

ವೈವಾ ದಿನ ನಾನು ಬೇರೆ ಬ್ಯಾಚಲ್ಲಿದ್ದೆ. ವಿಂಗಿನ ಒಬ್ಬ ಸೀನಿಯರ್ ಅವನ ಬೆರಳು ನೋಡಿ, ಪಾಪ ಅಂತಲೇ, ಅರ್ಧ ಮಾತ್ರೆ ಕೊಟ್ಟಿದ್ದ. ಉದ್ದೇಶ ಕೆಟ್ಟದ್ದೇನಲ್ಲ. ಒಂದೂವರೆ ಗಂಟೆ ಆಗೋ ಹೊತ್ತಿಗೆ ಲ್ಯಾಬ್ ಹೊರಗಿನ ಬೆಂಚಲ್ಲಿ ಇವನಿಗೆ ಎದೆ ಕಟ್ಟತೊಡಗಿತು. ಇನ್ಹೇಲರ್ ಎರಡು ಸಲ ಎಳೆದ. ಯಾವಾಗಲೂ ಎರಡಕ್ಕೆ ಬಿಡೋದು ಅವತ್ತು ನಾಲ್ಕಕ್ಕೂ ಬಿಡಲಿಲ್ಲ.

ಬಿಡೋದು ಹೇಗೆ? ಸಾಲ್ಬುಟಮಾಲ್ ಕೆಲಸ ಮಾಡೋದೇ ಶ್ವಾಸನಾಳದ ಬೀಟಾ ಎರಡು ಗ್ರಾಹಕದಲ್ಲಿ ಕೂತು. ಪ್ರೊಪ್ರಾನೊಲಾಲ್‌ಗೆ ಬೀಟಾ ಒಂದು, ಎರಡು ಅನ್ನೋ ಭೇದ ಇಲ್ಲ, ಎರಡು ಕಡೆಯೂ ಗಾಡಿ ನಿಲ್ಲಿಸುತ್ತೆ. ನಾಳ ಬಿಗಿಯೋದಕ್ಕೂ ಕಾರಣ ಅದೇ, ಬಿಗಿದ ನಾಳ ಬಿಡಿಸೋ ಮದ್ದಿಗೆ ಜಾಗ ಇಲ್ಲದ ಹಾಗೆ ಮಾಡಿದ್ದೂ ಅದೇ. ಅಜ್ಜಿಯ ಮೆಟೊಪ್ರೊಲಾಲ್ ಹೆಚ್ಚಾಗಿ ಬೀಟಾ ಒಂದನ್ನ ಹುಡುಕಿಕೊಂಡು ಹೋಗುತ್ತೆ, ಆದರೂ ಆಸ್ತಮಾ ಇದ್ದರೆ ಡಾಕ್ಟರುಗಳು ಎರಡು ಸಲ ಯೋಚಿಸ್ತಾರೆ.

ಆಸ್ಪತ್ರೆಗೆ ಆಟೋದಲ್ಲಿ ಕರ್ಕೊಂಡು ಹೋದರು, ನಾನು ಹಿಂದೆ ಹೋದೆ. ಕ್ಯಾಶುವಾಲಿಟಿಯಲ್ಲಿ ಚಿಕ್ಕ ವಯಸ್ಸಿನ ಡಾಕ್ಟರ್ ಒಬ್ಬರಿದ್ದರು. ‘ಏನಾದ್ರೂ ಮಾತ್ರೆ ತಗೊಂಡಿದ್ದೀಯಾ?’ ಅಂತ ಕೇಳಿದರು. ಸುತ್ತ ನಿಂತಿದ್ದ ನಾಲ್ಕು ಜನ ಚಪ್ಪಲಿ ನೋಡ್ಕೊಂಡರು, ವಾರ್ಡನ್‌ಗೆ ಗೊತ್ತಾದರೆ ಏನು ಗತಿ ಅಂತ. ಮಾತಾಡೋಕಾಗದೆ ಮುಂದಕ್ಕೆ ಬಾಗಿ ಕೂತಿದ್ದ ಇವನೇ ಜೇಬಿಂದ ಸ್ಟ್ರಿಪ್‌ನ ತುಂಡು ತೆಗೆದು ಅವರ ಕೈಗೆ ಕೊಟ್ಟ. ಉಳಿದರ್ಧ ಅದರಲ್ಲೇ ಇತ್ತು. ಅದನ್ನ ನೋಡಿದ ತಕ್ಷಣ ಅವರು ನರ್ಸಿಗೆ ಇನ್ನೊಂದು ಔಷಧಿ ಹೆಸರು ಹೇಳಿದರು, ಇಪ್ರಾಟ್ರೋಪಿಯಂ. ಅದು ಬೀಟಾ ದಾರಿ ಬಿಟ್ಟು ಬೇರೆ ನರದ ದಾರಿಯಿಂದ ಶ್ವಾಸನಾಳ ಸಡಿಲಿಸುತ್ತೆ. ಆಕ್ಸಿಜನ್, ನೆಬ್ಯುಲೈಸರ್, ಇಂಜೆಕ್ಷನ್. ರಾತ್ರಿಯಿಡೀ ಅಲ್ಲೇ ಇಟ್ಕೊಂಡರು. ಬೆಳಿಗ್ಗೆ ಇಡ್ಲಿ ಕೇಳಿದಾಗ ನಮಗೆಲ್ಲ ಜೀವ ಬಂತು.

ಆ ತುಂಡು ಅವನ ಜೇಬಲ್ಲಿ ಇಲ್ಲದಿದ್ದರೆ ಆ ಡಾಕ್ಟರ್ ಇನ್ನೆಷ್ಟು ಹೊತ್ತು ಬೇರೆ ಕಾರಣ ಹುಡುಕಬೇಕಾಗ್ತಿತ್ತೋ. ಸ್ಟ್ರಿಪ್ ಹಿಂದೆ, ಡಾಕ್ಟರ ಚೀಟಿ ಇಲ್ಲದೆ ಮಾರಬಾರದು ಅಂತ ಇರುವೆ ಸಾಲಿನಂಥ ಅಕ್ಷರದಲ್ಲಿ ಅಚ್ಚಾಗಿರುತ್ತೆ. ಆ ಚೀಟಿ ಬರೆಯೋರು ಕೇಳೋ ಪ್ರಶ್ನೆಗಳೇ ಮುಖ್ಯ: ಆಸ್ತಮಾ ಇದೆಯಾ, ನಾಡಿ ಮೊದಲೇ ನಿಧಾನ ಇದೆಯಾ, ಶುಗರ್‌ಗೆ ಇನ್ಸುಲಿನ್ ತಗೋತೀಯಾ. ಇನ್ಸುಲಿನ್ ಪ್ರಶ್ನೆ ಯಾಕೆ ಅಂದ್ರೆ, ಶುಗರ್ ಕುಸಿದಾಗ ದೇಹ ಕೊಡೋ ಎಚ್ಚರಿಕೆ ನಡುಕ ಮತ್ತು ಎದೆಬಡಿತ, ಈ ಮಾತ್ರೆ ಆ ಅಲಾರಮ್ಮನ್ನೇ ಮ್ಯೂಟ್ ಮಾಡುತ್ತೆ. ಬೆವರೊಂದು ಉಳಿಯುತ್ತೆ. ಹಾಸ್ಟೆಲಲ್ಲಿ ಸ್ಟ್ರಿಪ್ ದಾಟಿಸೋನು ಈ ಮೂರರಲ್ಲಿ ಒಂದನ್ನೂ ಕೇಳಲ್ಲ. ‘ಅರ್ಧ ಸಾಕು ಮಗಾ’ ಅಂತಾನೆ.

ವೈವಾ ಅವನಿಗೆ ಮುಂದಿನ ವಾರ ಇಟ್ಟರು. ಬೆರಳು ನಡುಗ್ತಾನೇ ಇತ್ತಂತೆ. ಮೊದಲ ಪ್ರಶ್ನೆಗೆ ಒದ್ದಾಡಿ, ‘ಸರ್, ಕನ್ನಡದಲ್ಲಿ ಹೇಳಲಾ?’ ಅಂದನಂತೆ. ಅವತ್ತಿನ ಮೇಷ್ಟ್ರು ಹೂಂ ಅಂದರು. ಬೇರೆಯವರು ಅಂತಿದ್ದರೋ ಇಲ್ಲವೋ. ನನಗೆ ಇದರಲ್ಲಿ ಸಿಟ್ಟು ಬರೋ ವಿಷಯ ಇದೇ: ಗೊತ್ತಿರೋದನ್ನ ಹೇಳೋಕೆ ಒಬ್ಬನ ಬೆರಳು ನಡುಗೋದು ಭಾಷೆಗೆ, ನಾವು ಮದ್ದು ಕೊಡೋದು ನಾಡಿಗೆ. ಎಲ್‌ಕೆಜಿಯಿಂದ ಇಂಗ್ಲಿಷಲ್ಲೇ ಬೆಳೆದ ನನಗೆ ವೈವಾದಲ್ಲಿ ಎದೆ ಹಾರೋದು ಓದಿರದಿದ್ದಾಗ ಮಾತ್ರ.

ಅಜ್ಜಿ ವಿಷಯ ಇನ್ನೂ ಸ್ವಲ್ಪ ಇದೆ. ಹೋದ ವರ್ಷ ಅಜ್ಜಿ ತಿಪಟೂರಿನ ಒಂದು ಮದುವೆಗೆ ಹೋಗೋವಾಗ ಡಬ್ಬಿ ಮನೇಲೇ ಬಿಟ್ಟರು. ಮರೆತಿದ್ದಲ್ಲ. ‘ಈಗ ಚೆನ್ನಾಗಿದ್ದೀನಲ್ಲ, ಮೂರು ದಿನ ಬಿಟ್ರೆ ಏನಾಗುತ್ತೆ’ ಅಂತ. ಎರಡನೇ ದಿನ ಧಾರೆ ಮುಗಿಯೋಷ್ಟರಲ್ಲಿ ಎದೆ ಹಾರೋಕೆ ಶುರುವಾಗಿ, ಬೆವರು ಬಂದು, ಚೌಟ್ರಿಯ ಹಿಂದಿನ ರೂಮಲ್ಲಿ ಮಲಗಿಸಬೇಕಾಯ್ತು. ವರ್ಷಗಟ್ಟಲೆ ಗ್ರಾಹಕಗಳನ್ನ ಮುಚ್ಚಿಟ್ಟರೆ ಜೀವಕೋಶ ಸುಮ್ಮನಿರಲ್ಲ, ಇನ್ನಷ್ಟು ಗ್ರಾಹಕಗಳನ್ನ ತಯಾರಿಸಿಕೊಳ್ಳುತ್ತೆ. ಮಾತ್ರೆ ಏಕ್‌ದಂ ನಿಂತರೆ ಅಡ್ರಿನಲಿನ್‌ಗೆ ಮೊದಲಿಗಿಂತ ಜಾಸ್ತಿ ಸೀಟ್ ಖಾಲಿ. ಮೂರು ದಿನ ಕರೆಂಟ್ ಇಲ್ಲದ ಊರಿಗೆ ಒಮ್ಮೆಲೇ ಬಿಟ್ಟ ಹಾಗೆ, ಎಲ್ಲರ ಪಂಪ್‌ಸೆಟ್ಟೂ ಒಟ್ಟಿಗೆ. ಹೃದಯದ ರಕ್ತನಾಳ ಮೊದಲೇ ಕಟ್ಟಿದವರಿಗೆ ಅದು ಇನ್ನೊಂದು ಅಟ್ಯಾಕಿಗೂ ದಾರಿ. ನಿಲ್ಲಿಸಲೇಬೇಕಾದರೆ ಡಾಕ್ಟರೇ ವಾರ ವಾರ ಸ್ವಲ್ಪ ಸ್ವಲ್ಪ ಇಳಿಸ್ತಾರೆ.

ಅವತ್ತು ಮಾವ ತಿಪಟೂರಿನ ಮೆಡಿಕಲ್ ಶಾಪಿಗೆ ಓಡಿದರು, ಚೀಟಿಯ ಫೋಟೋ ಅಮ್ಮನ ವಾಟ್ಸಾಪಲ್ಲಿ ಇತ್ತು. ಆಮೇಲೆ ನಾನು ಅಜ್ಜಿಗೆ ಇದನ್ನೆಲ್ಲ ಕೂರಿಸಿ ವಿವರಿಸಿದೆ, ಗ್ರಾಹಕ ಅನ್ನೋ ಪದ ಬಿಟ್ಟು. ಪೂರ್ತಿ ಕೇಳಿ, ‘ಅದನ್ನ ಆ ಡಾಕ್ಟ್ರು ಮೊದಲೇ ಹೇಳಬಾರದಿತ್ತಾ’ ಅಂದರು. ಈಗ ಫ್ರಿಡ್ಜ್ ಮೇಲಿನ ಡಬ್ಬಿ ಫ್ರಿಡ್ಜ್ ಮೇಲೇ ಇದೆ. ಇನ್ನೊಂದು ಸ್ಟ್ರಿಪ್ ಅವರ ಕೈಚೀಲದಲ್ಲಿ ಇರುತ್ತೆ, ಎಲೆ ಅಡಿಕೆ ಪಕ್ಕ, ಚೀಟಿಯ ಜೆರಾಕ್ಸ್ ಸುತ್ತಿಕೊಂಡು.